ಬೀಗ ಹಾಕಿದ ಮನೆಯ ಸದ್ದು

ಮೊದಲ ದಿನದ ಧ್ವನಿಮುದ್ರಣ ನನ್ನ ಬಳಿ ಇನ್ನೂ ಇದೆ. ಮೂವತ್ತನಾಲ್ಕು ನಿಮಿಷದ ಫೈಲು. ಅದರ ಹದಿಮೂರನೆಯ ನಿಮಿಷದಲ್ಲಿ ನನ್ನ ಚಿಕ್ಕಮ್ಮ, “ಯಾರೋ ಕರೀತಾವ್ರೆ ಕಣೇ” ಅನ್ನುತ್ತಾಳೆ. ನಾನು, “ಶ್! ರೆಕಾರ್ಡ್ ಆಗ್ತಿದೆ, ಸುಮ್ನೆ ಕೂತ್ಕೋ” ಅನ್ನುತ್ತೇನೆ. ಗೆಳೆಯರಿಗೆ ಇದನ್ನು ಹೇಳುವಾಗಲೆಲ್ಲ, ಆ ಸದ್ದಿಗೆ ಮೊದಲು ಎದ್ದು ಹೋದವಳು ನಾನೇ ಎಂಬಂತೆ ಹೇಳುತ್ತಿದ್ದೆ. ಸುಳ್ಳು ಹೇಳುವ ಉದ್ದೇಶ ಇರಲಿಲ್ಲ, ನನಗೆ ನೆನಪಿದ್ದದ್ದೇ ಹಾಗೆ. ಫೈಲು ತೆರೆದು ಕೇಳಿದ ಮೇಲೆ ನೆನಪನ್ನೊಂದೇ ನಂಬಿ ಬರೆಯುವ ಧೈರ್ಯ ಹೋಯಿತು. ಹಾಗಾಗಿ ಇಲ್ಲಿ ಬರೆದದ್ದನ್ನು ದಿನಚರಿಯ ಜೊತೆಗೆ, ಸಿಕ್ಕ ಕಡೆ ಮುದ್ರಣದ ಜೊತೆಗೆ ತಾಳೆ ನೋಡಿದ್ದೇನೆ.

ನಾನು ಮಾಡಹೊರಟದ್ದು ಹನ್ನೆರಡು ನಿಮಿಷದ ಕಿರುಚಿತ್ರ. ಒಂದು ಕೋಣೆ, ಒಬ್ಬಳೇ ಹೆಂಗಸು, ಒಂದು ಹಗಲು. ಮಾತಿಲ್ಲ. ಮೊದಲು ಮನೆಯ ಸದ್ದುಗಳೆಲ್ಲ ಪರಿಚಿತವಾಗಿರುತ್ತವೆ: ಕುಕ್ಕರಿನ ಸೀಟಿ, ಬಕೆಟ್ಟಿಗೆ ಬೀಳುವ ನೀರು, ದೂರದ ರೈಲು. ಬರಬರುತ್ತಾ ಯಾವ ಸದ್ದು ಎಲ್ಲಿಂದ ಬರುತ್ತಿದೆಯೆಂದು ಅವಳಿಗೂ ನೋಡುವವರಿಗೂ ತಿಳಿಯದಂತಾಗಬೇಕು. ಒಂಟಿಯಾಗಿರುವುದು ಅಂದರೆ ಸದ್ದುಗಳಿಗೆ ಹೆಸರು ಹೇಳುವವರು ಜೊತೆಗಿಲ್ಲದಿರುವುದು ಎಂದು ನೋಟ್‌ಬುಕ್ಕಿನಲ್ಲಿ ಬರೆದುಕೊಂಡಿದ್ದೆ. ಆಗ ಅದು ತುಂಬ ಚೆನ್ನಾಗಿ ಕಂಡಿತ್ತು.

ಜಾಗ ಸಿಕ್ಕಿದ್ದು ಚಾಂಪಿಯನ್ ರೀಫ್ಸ್‌ನ ಹಳೆಯ ಲೈನು ಮನೆಗಳಲ್ಲಿ. ಚಿನ್ನದ ಗಣಿಯ ಕಾರ್ಮಿಕರಿಗೆಂದು ಕಟ್ಟಿದ ಸಾಲುಮನೆಗಳು, ಎರಡು ಮನೆಗೆ ಒಂದೇ ಗೋಡೆ, ಮೇಲೆ ಶೀಟು. ಆ ಮನೆಯವರು ಎರಡು ತಿಂಗಳ ಹಿಂದೆ ರಾಬರ್ಟ್‌ಸನ್‌ಪೇಟೆಗೆ ಹೋಗಿದ್ದರು. ಸುಣ್ಣ ಹೊಡೆಸುವ ಮೊದಲು ನಾಲ್ಕು ದಿನ ಬಳಸಿಕೊಳ್ಳಿ ಎಂದು ಕೀ ಕೊಟ್ಟರು. ನಟಿಸಬೇಕಿದ್ದ ರಂಗಭೂಮಿಯ ಹುಡುಗಿಗೆ ಹಿಂದಿನ ದಿನ ಜ್ವರ ಬಂತು. ನಾಲ್ಕು ದಿನ ಕೈತಪ್ಪಿದರೆ ಮತ್ತೆ ಸಿಗದು. ಬಂಗಾರಪೇಟೆ ಹತ್ತಿರದ ಹಳ್ಳಿಯಲ್ಲಿರುವ ಚಿಕ್ಕಮ್ಮನಿಗೆ ಫೋನ್ ಮಾಡಿದೆ.

“ಮಾತಾಡಂಗಿಲ್ವಾ? ನಾಕು ದಿನ ಬಾಯಿ ಮುಚ್ಕೊಂಡಿರಕ್ಕೆ ನನ್ನ ಕರೀತಿದೀಯಲ್ಲ, ನಿಂಗೆ ಬ್ಯಾರೆ ಯಾರೂ ಸಿಗ್ನಿಲ್ವೇನೇ?” ಎಂದು ನಕ್ಕಳು. ಆಮೇಲೆ ಒಂದೇ ಷರತ್ತು ಹಾಕಿದಳು. “ಮೂರೂವರೆ ಬಸ್ಸಿಗೆ ನನ್ನ ಬುಟ್ಬುಡಬೇಕು. ನನ್ನ ಕೈ ಬೀಳ್ದೆ ಆ ಕಪ್ಪು ಅಸ ಆಲು ಇಳಿಸಾಕಿಲ್ಲ.”

ಮೊದಲ ದಿನ ನಾವಿಬ್ಬರೂ ಒಂಬತ್ತಕ್ಕೆ ಅಲ್ಲಿದ್ದೆವು. ಪಕ್ಕದ ಮನೆಯ ಬಾಗಿಲಿಗೆ ವಯಸ್ಸಾದವರೊಬ್ಬರು ಬೀಗ ಹಾಕುತ್ತಿದ್ದರು. ಖಾಕಿ ಅಂಗಿ, ಸೈಕಲ್ಲಿಗೆ ನೇತುಹಾಕಿದ ಊಟದ ಡಬ್ಬಿ. ತಲೆಯಾಡಿಸಿ ಹೋದರು. ಒಂಟಿ ಮನುಷ್ಯ ಎಂದುಕೊಂಡೆ. ಕ್ಯಾಮೆರಾ ಹಿಡಿಯುವ ನನ್ನ ಸಹಪಾಠಿ ಬರುವುದು ತಡವಾಗುತ್ತಿತ್ತು. ಅಷ್ಟರಲ್ಲಿ ಖಾಲಿ ಕೋಣೆಯ ಸದ್ದನ್ನು ಹಿಡಿದಿಡೋಣವೆಂದು ಗೋಡೆಗೆ ಅಂಟಿಸುವ ಚಿಕ್ಕ ಮೈಕನ್ನು ಪಕ್ಕದ ಮನೆಯ ಕಡೆಯ ಗೋಡೆಗೆ ಅಂಟಿಸಿ, ಹೆಡ್‌ಫೋನ್ ಹಾಕಿ ಕೂತೆ. ಕೋಣೆ ಸುಮ್ಮನಿದ್ದಾಗಲೂ ಅದಕ್ಕೊಂದು ಸದ್ದು ಇರುತ್ತದೆ. ಸಂಕಲನದಲ್ಲಿ ಎಲ್ಲ ಸದ್ದುಗಳ ಅಡಿಗೆ ಹಾಸುವುದು ಅದನ್ನೇ. ಚಿಕ್ಕಮ್ಮ ಮಂಚದ ಮೇಲೆ ಕೂತು ಅವರೆಕಾಯಿ ಸುಲಿಯುತ್ತಿದ್ದಳು.

ಟಕ್, ಟಕ್, ಟಕ್. ಬಿಡುವು. ಮತ್ತೆ ಮೂರು.

ಗೋಡೆಯ ಒಳಗಿನಿಂದಲೇ ಬಂದಂತಿತ್ತು. ಬೀಗ ಹಾಕಿದ ಮನೆಯ ಕಡೆಯಿಂದ. ಹೆಡ್‌ಫೋನನ್ನು ಕಿವಿಗೆ ಒತ್ತಿ ಹಿಡಿದೆ. ಚಿಕ್ಕಮ್ಮ ಸುಲಿಯುವುದನ್ನು ನಿಲ್ಲಿಸಿ, ಮೇಲೆ ಹೇಳಿದ ಮಾತು ಹೇಳಿದಳು. ಸುಮ್ಮನಿರಿಸಿದೆ. ಮುದ್ರಣ ಮುಗಿದ ಮೇಲೆ, ಶೀಟು ಬಿಸಿಲಿಗೆ ಹಿಗ್ಗಿದರೆ ಹೀಗೆ ಸದ್ದು ಬರುತ್ತದೆ ಎಂದು ವಿವರಿಸಿದೆ.

“ಶೀಟು ಎಣಿಸ್ಕಂಡು ಇಗ್ಗತ್ತೇನೇ?” ಅಂದಳು.

ಫೈಲಿನಲ್ಲಿ ಆ ಮೂರರ ಸದ್ದು ಏಳು ಸಲ ಇದೆ. ಕೊನೆಕೊನೆಗೆ ಮೂರನೆಯ ಹೊಡೆತ ಸಣ್ಣದಾಗುತ್ತದೆ. ಆ ದಿನದ ದಿನಚರಿಯಲ್ಲಿ ಬರೆದಿದ್ದೇನೆ: ‘ಮನೆ ತಾನಾಗಿಯೇ ಸದ್ದು ಕೊಡುತ್ತಿದೆ. ಅದೃಷ್ಟ.’ ಅದೃಷ್ಟ ಎಂಬುದರ ಕೆಳಗೆ ಗೆರೆ ಎಳೆದಿದ್ದೇನೆ.

ಹತ್ತೂವರೆಗೆ ಕ್ಯಾಮೆರಾದವನು ಬಂದ. ನಮ್ಮದು ಚಿತ್ರ ಒಂದು ಯಂತ್ರದಲ್ಲಿ, ಸದ್ದು ಇನ್ನೊಂದರಲ್ಲಿ. ಎರಡನ್ನೂ ಆಮೇಲೆ ಕೂಡಿಸಬೇಕಾದರೆ ಪ್ರತಿ ಟೇಕಿನ ಮೊದಲಿಗೆ ಒಂದು ಚೂಪಾದ ಹೊಡೆತ ಬೇಕು, ಅದು ಚಿತ್ರದಲ್ಲಿ ಕಾಣಬೇಕು, ಮುದ್ರಣದಲ್ಲಿ ಕೇಳಬೇಕು. ಅದಕ್ಕೆಂದೇ ಇರುವ ಕ್ಲ್ಯಾಪ್ ಹಲಗೆಯನ್ನು ಅವನು ಬಂಗಾರಪೇಟೆಯಲ್ಲೇ ಮರೆತು ಬಂದಿದ್ದ. ಗೋಡೆಯಲ್ಲಿ ಲಾಟೀನು ನೇತುಹಾಕುವ ಹಳೆಯ ಕಬ್ಬಿಣದ ಗೂಟವೊಂದಿತ್ತು. ಅವನ ಸ್ಕೂಟರಿನ ಸ್ಪ್ಯಾನರ್ ತೆಗೆದುಕೊಂಡು ಅದರ ಮೇಲೆ ಒಂದು ಹೊಡೆದೆ. ಠಣ್ ಎಂದು ಇಡೀ ಗೋಡೆ ಗುಂಯ್‌ಗುಟ್ಟಿತು. ಮುದ್ರಣದ ಗೆರೆಯಲ್ಲಿ ಅದು ಮುಳ್ಳಿನಂತೆ ಎದ್ದು ಕಾಣುತ್ತಿತ್ತು. ಅವತ್ತು ಹತ್ತೊಂಬತ್ತು ಟೇಕು. ಹತ್ತೊಂಬತ್ತು ಸಲ ಹೊಡೆದೆ, ಪ್ರತಿ ಸಲವೂ ಒಂದೇ ಒಂದು.

ಮೆಲ್ಲಗೆ ಹೊಡೆಯುತ್ತಿದ್ದೆ ಎಂದು ನನ್ನ ನೆನಪು. ಮೆಲ್ಲಗೆ ಇಲ್ಲ. ಮುದ್ರಣ ಒಡೆದುಹೋಗುವಷ್ಟು ಜೋರಾಗಿದೆ.

ಮೊದಲ ಟೇಕಾದ ಮೇಲೆ ಗೋಡೆಯ ಸದ್ದು ನಿಂತುಹೋಯಿತು. ಎರಡು ಗಂಟೆಗೆ ಪಕ್ಕದ ಮನೆಯವರು ಬಂದು ಬೀಗ ತೆಗೆದು ಒಳಗೆ ಹೋದರು. ನಾವು ಹಿತ್ತಿಲಲ್ಲಿ ಊಟ ಮಾಡುತ್ತಿದ್ದೆವು. ಎರಡನೆಯ ದಿನವೂ ಸದ್ದಿಲ್ಲ. ಇಡೀ ಬೆಳಗು ಅದಕ್ಕಾಗಿ ಕಾದೆ. ಶೀಟಿನ ಮೇಲೆ ನೀರು ಸುರಿದು ನೋಡಿದೆವು. ಬೆರಳ ಗೆಣ್ಣಿನಿಂದ, ಲಟ್ಟಣಿಗೆಯಿಂದ, ತೆಂಗಿನ ಚಿಪ್ಪಿನಿಂದ ಗೋಡೆ ತಟ್ಟಿ ನಾವೇ ಸೃಷ್ಟಿಸಲು ನೋಡಿದೆ. ಎಲ್ಲವೂ ಯಾರೋ ನಾಟಕಕ್ಕೆ ಗೋಡೆ ಬಡಿದಂತೆಯೇ ಕೇಳಿದವು. ಮೊದಲ ದಿನದ ಸದ್ದಿನಲ್ಲಿದ್ದ ಏನೋ ಒಂದು ಇವುಗಳಲ್ಲಿರಲಿಲ್ಲ. ಅದು ಏನೆಂದು ಹೆಡ್‌ಫೋನಿನಲ್ಲಿ ಮತ್ತೆ ಮತ್ತೆ ಕೇಳಿದೆ. ಹೊಡೆತಗಳ ನಡುವಿನ ಅಂತರ ಅಳೆದೆ. ವಿಶ್ವವಿದ್ಯಾಲಯದಲ್ಲಿ ನನಗೆ ಕೇಳುವುದನ್ನು ಕಲಿಸಿದ್ದರು, ಅದರಲ್ಲಿ ಒಳ್ಳೆಯ ಅಂಕವೂ ಬಂದಿತ್ತು.

ಮೂರನೆಯ ದಿನ, ಟೇಕುಗಳ ನಡುವೆ, ಚಿಕ್ಕಮ್ಮ ಮುಖ ತೊಳೆಯಲು ಹಿತ್ತಿಲಿಗೆ ಹೋದವಳು ಬಾಗಿಲಲ್ಲೇ ನಿಂತಳು.

“ಪಕ್ಕದ ಮನೆ ತಂತಿ ಮ್ಯಾಲೆ ಬಟ್ಟೆ ಒಣಾಕವ್ರೆ. ಅಳೇ ಸೀರೆ ಅರಿದು ಮಡಿಸಿರೋ ತುಂಡು. ಏಳೆಂಟವೆ.”

“ಇರ್ಲಿ ಬಾ ಚಿಕ್ಕಮ್ಮಾ, ಬೆಳಕು ಹೋಗುತ್ತೆ.”

“ಏ, ಕೇಳೇ ಇಲ್ಲಿ. ನಿಮ್ಮಜ್ಜಿ ಮಲಗಿದ್ದಾಗ ಎಲ್ಡು ವರ್ಷ ಅಂತಾವೇ ತುಂಡು ಒಗ್ದಿದೀನಿ ನಾನು. ಆ ಮನೇಲಿ ಯಾರೋ ಮಲಗವ್ರೆ.”

“ಇದೊಂದು ಟೇಕು. ಆಮೇಲೆ ನೋಡೋಣ” ಅಂದೆ. ಇದೂ ಮುದ್ರಣದಲ್ಲಿದೆ.

ಅವಳು ಬಂದು ಮಂಚದ ಮೇಲೆ ಕೂತಳು. ಸ್ಪ್ಯಾನರಿನಿಂದ ಗೂಟಕ್ಕೆ ಒಂದು ಹೊಡೆದೆ. ಅವಳು ನಾನು ಹೇಳಿಕೊಟ್ಟಂತೆ ಕಿಟಕಿಯ ಕಡೆ ನೋಡಲಿಲ್ಲ. ಸೆರಗಿನಿಂದ ಕೈ ಒರೆಸಿಕೊಂಡು ಎದ್ದಳು. “ನಿನ್ನ ಟೇಕು ನೀನೇ ಮಾಡ್ಕೋ” ಅಂದವಳು ಚೌಕಟ್ಟಿನಿಂದ ಆಚೆ ನಡೆದುಬಿಟ್ಟಳು. ಕ್ಯಾಮೆರಾ ಖಾಲಿ ಮಂಚವನ್ನು ತೋರಿಸುತ್ತಾ ಓಡುತ್ತಲೇ ಇತ್ತು.

ಹಿಂದೆಯೇ ಹೋದೆ, ಕ್ಯಾಮೆರಾದವನೂ ಬಂದ. ಪಕ್ಕದ ಮನೆಯ ಹಿಂದಿನ ಕಿಟಕಿ ಅರ್ಧ ತೆರೆದಿತ್ತು. ಒಳಗೆ ಕತ್ತಲು.

“ಅಕ್ಕಾ, ಒಳಗೆ ಯಾರಾನಾ ಇದೀರಾ?” ಎಂದು ಚಿಕ್ಕಮ್ಮ ಕೇಳಿದಳು.

ಒಬ್ಬ ಹೆಂಗಸಿನ ಧ್ವನಿ. “ಇದೀನಿ ಮಾ. ನಾನೇನೂ ಸದ್ದು ಮಾಡ್ಲಿಲ್ವಲ್ಲ?”

ಕೀ ಬಾಗಿಲ ಚೌಕಟ್ಟಿನ ಮೇಲಿದೆ ಎಂದು ಅವರೇ ಹೇಳಿದರು. ತೆಗೆದು ಒಳಗೆ ಹೋದೆವು. ನಮ್ಮ ಗೋಡೆಗೆ ತಾಗಿಕೊಂಡೇ ಒಂದು ಮಂಚ. ಅರವತ್ತು ದಾಟಿದ ಹೆಂಗಸು, ಸೊಂಟದಿಂದ ಕೆಳಗೆ ಅಲುಗಾಟವಿಲ್ಲ. ದಿಂಬು ಜಾರಿ ಕುತ್ತಿಗೆ ಒಂದು ಪಕ್ಕಕ್ಕೆ ಸೊಟ್ಟಗಾಗಿತ್ತು. ಕೈಗೆಟುಕುವಂತೆ ಸ್ಟೂಲಿನ ಮೇಲೆ ನೀರಿನ ಚೊಂಬು, ತುಂಬಿದ್ದು ತುಂಬಿದಂತೆಯೇ ಇತ್ತು. ಚಿಕ್ಕಮ್ಮ ಒಂದೇ ನೋಟದಲ್ಲಿ ಎಲ್ಲ ನೋಡಿದಳು. “ನೀವಿಬ್ರೂ ಆಚೆಗೆ ನಡೀರಿ” ಎಂದು ನಮ್ಮನ್ನು ಹೊರಗೆ ಕಳಿಸಿ ಬಾಗಿಲು ಮುಂದಕ್ಕೆ ಎಳೆದುಕೊಂಡಳು. ಬಿಸಿಲಲ್ಲಿ ನಿಂತೆವು. ಒಳಗಿನಿಂದ ಬಟ್ಟೆ ಹಿಂಡುವ ಸದ್ದು, ಚಿಕ್ಕಮ್ಮನ ಗೊಣಗಾಟ, ಅವರ ಸಂಕೋಚದ ನಗು ಕೇಳಿಬಂತು. ಹೆಡ್‌ಫೋನ್ ಇನ್ನೂ ನನ್ನ ಕುತ್ತಿಗೆಯಲ್ಲೇ ಇತ್ತು.

ಕರೆದ ಮೇಲೆ ಒಳಗೆ ಹೋದೆ. ಅವರು ಹೇಳಿದ್ದನ್ನು ಅಂದೇ ಸಂಜೆ ಬರೆದುಕೊಂಡಿದ್ದೇನೆ.

“ಇವರು ಗಣಿ ಬಾಯಲ್ಲಿ ಗಂಟೆ ಕೆಲಸ ಮಾಡ್ತಿದ್ರು ಮಾ. ಆಳುಗಳನ್ನ ಇಳಿಸೋದು, ಹತ್ತಿಸೋದು ಎಲ್ಲಾ ಗಂಟೆ ಲೆಕ್ಕ. ಮೂರು ಅಂದ್ರೆ ಆಳು ಕಾಯ್ತಾವ್ರೆ ಅಂತ. ತಿರುಗಿ ಮೂರು ಬಂದ್ರೆ ಹತ್ತಬಹುದು. ನಾನು ಮಲಗಿದ ಮೇಲೆ ಇವರೇ ಈ ಏರ್ಪಾಡು ಮಾಡಿದ್ದು. ನಾನು ಗೋಡೆಗೆ ಮೂರು ಕೊಟ್ರೆ ಆ ಮನೆ ಹುಡ್ಗಿ ಮೂರು ಕೊಟ್ಟು ಬರೋಳು. ಅವರು ಹೋದ ಮೇಲೆ ಯಾರೂ ಇಲ್ಲ. ನೀವು ಬಂದ ಸದ್ದಾಯ್ತು. ದಿಂಬು ಜಾರಿತ್ತು, ಮೂರು ಕೊಟ್ಟೆ. ಸುಮಾರು ಸಲ ಕೊಟ್ಟೆ. ಆಮೇಲೆ ನೀವು ಒಂದು ಕೊಟ್ರಿ.”

“ಒಂದು ಅಂದ್ರೆ?”

“ನಿಲ್ಸು ಅಂತ ಮಾ.” ಮಗುವಿಗೆ ಹೇಳುವಂತೆ ಹೇಳಿದರು. “ನಿಲ್ಲಿಸ್ದೆ.”

ಅವತ್ತು ಗಂಡ ಬಂದು ಪಕ್ಕದಲ್ಲಿ ಸಿನಿಮಾ ತೆಗೆಯುತ್ತಿದ್ದಾರೆ ಎಂದಾಗ, ತಾನು ಅರ್ಥ ಮಾಡಿಕೊಂಡದ್ದೇ ಸರಿ ಎಂದು ಅವರಿಗೆ ಅನ್ನಿಸಿತ್ತು. ಸಿನಿಮಾದವರಿಗೆ ನಿಶ್ಶಬ್ದ ಬೇಕು. ಯಾರನ್ನೂ ಕರೆಯುವ ಹಾಗಿಲ್ಲವಾದ್ದರಿಂದ, ಕರೆಯುವ ಅಗತ್ಯವೇ ಬೀಳದಂತೆ ಎರಡು ದಿನ ಬೆಳಗ್ಗೆಯಿಂದ ಎರಡು ಗಂಟೆಯವರೆಗೆ ನೀರು ಮುಟ್ಟಿರಲಿಲ್ಲ. ಗಂಡನಿಗೆ ಇದನ್ನು ಹೇಳಿರಲೂ ಇಲ್ಲ.

ಅದು ನಿಮಗೆ ಹೊಡೆದದ್ದಲ್ಲ, ಚಿತ್ರಕ್ಕೂ ಸದ್ದಿಗೂ ಜೋಡಿ ಕೂಡಿಸುವ ಗುರುತು ಎಂದು ವಿವರಿಸಿದೆ. ನನ್ನ ಮಾತು ತಡವರಿಸುತ್ತಿತ್ತು. ಅವರು ಆಸಕ್ತಿಯಿಂದ ಕೇಳಿದರು. “ಹಂಗಾದ್ರೆ ನಿಮಗೂ ಗಂಟೆ ಲೆಕ್ಕ ಇದೆ ಅನ್ನಿ” ಅಂದರು. ಕೋಪ ಮಾಡಿಕೊಂಡಿದ್ದರೆ ನನಗೆ ಸುಲಭವಾಗುತ್ತಿತ್ತು.

ಎರಡು ಗಂಟೆಗೆ ಗಂಡ ಬಂದರು. ತೆರೆದ ಬಾಗಿಲು ನೋಡಿ ಸೈಕಲ್ಲನ್ನು ಅಲ್ಲೇ ಬೀಳಿಸಿ ಓಡಿ ಬಂದರು. ಹೆಂಡತಿ ತಲೆ ಬಾಚಿಸಿಕೊಳ್ಳುತ್ತಾ ಮಲಗಿದ್ದನ್ನು ಕಂಡು ನಿಂತರು. ನಡೆದದ್ದನ್ನು ಹೇಳಿದೆ. ಅವರು ಗೋಡೆಗೆ ಒರಗಿ ನೆಲದ ಮೇಲೆ ಕೂತರು.

“ಒಂದು ಬಂದ ಮೇಲೆ ಯಾಕೆ ಅಂತ ಕೇಳಂಗಿಲ್ಲ ಮಾ. ಕೇಳ್ಕೊಂಡು ನಿಂತ್ರೆ ಕೆಳಗೆ ಒಬ್ಬನ ಪ್ರಾಣ ಹೋಗುತ್ತೆ. ಇಪ್ಪತ್ತು ವರ್ಷದ ಮೇಲೆ ಹಂಗೇ ಮಾಡಿದೀನಿ. ಅವಳಿಗೂ ನಾನೇ ಕಲ್ಸಿದ್ದು.” ಹೆಂಡತಿಯ ಕಡೆ ತಿರುಗಿ, “ನನ್ನ ಹತ್ರ ಆದ್ರೂ ಹೇಳಬಾರ್ದಾ ಡೀ?” ಅಂದರು.

“ಹೇಳಿದ್ರೆ ನೀವು ಕೆಲಸಕ್ಕೆ ಹೋಗ್ತಿರಲಿಲ್ಲ” ಅಂದರು ಆಕೆ.

ಚಿತ್ರ ನಿಲ್ಲಿಸಿಬಿಡೋಣ ಅನ್ನಿಸಿತು. ಹಾಗೆಂದು ಬಾಯಿಬಿಟ್ಟೂ ಹೇಳಿದೆ. ಹೇಳುವಾಗ ಅದರಲ್ಲಿ ಪಶ್ಚಾತ್ತಾಪ ಎಷ್ಟು, ಒಳ್ಳೆಯವಳೆನ್ನಿಸಿಕೊಳ್ಳುವ ಆಸೆ ಎಷ್ಟು ಎಂದು ಈಗಲೂ ಖಚಿತವಿಲ್ಲ. ಆಕೆ, “ಅಲ್ಲಾ, ಏನು ಕತೆ ಅದು?” ಎಂದು ಕೇಳಿದರು. ಒಬ್ಬಳೇ ಇರುವ ಹೆಂಗಸು, ಗೊತ್ತಿಲ್ಲದ ಸದ್ದುಗಳಿಗೆ ದಿಗಿಲುಬೀಳುವುದು ಎಂದೆ. ಅವರು ಚಿಕ್ಕಮ್ಮನನ್ನು ನೋಡಿದರು. “ಅದಕ್ಕೆ ಇವಳನ್ನ ಕರ್ಕೊಂಡು ಬಂದ್ರಾ?” ಎಂದು ಕೆಮ್ಮು ಬರುವವರೆಗೆ ನಕ್ಕರು.

“ನಾನೂ ಅದ್ನೇ ಯೋಳ್ದೆ ಅಕ್ಕಾ” ಅಂದಳು ಚಿಕ್ಕಮ್ಮ, ಸಿಕ್ಕು ಬಿಡಿಸುತ್ತಾ.

ನಗು ನಿಂತ ಮೇಲೆ ಆಕೆ ಹೇಳಿದರು. “ನಾನು ಮಲಗಿ ಏನು ಕೇಳಿದೆ ಗೊತ್ತಾ? ಒಬ್ಬಳು ನಡೀತಾಳೆ. ಆರು ಹೆಜ್ಜೆ. ನಿಲ್ತಾಳೆ. ಒಂದು ಪಾತ್ರೆ ಇಡ್ತಾಳೆ. ಆಮೇಲೆ ಕಬ್ಬಿಣ ಬಡೀತಾರೆ. ಮತ್ತೆ ಮೊದಲಿಂದ ಆರು ಹೆಜ್ಜೆ, ಅದೇ ಪಾತ್ರೆ. ಬೆಳಗ್ಗೆಯಿಂದ ಒಂದೇ ಪಾತ್ರೆ ಇಡೋ ಹೆಂಗಸನ್ನ ನೀವು ಎಲ್ಲಾದ್ರೂ ನೋಡಿದೀರಾ? ಒಂದು ಸಲ ಗಂಡಸು ಜೋರಾಗಿ ‘ಸೈಲೆನ್ಸ್’ ಅಂದ. ಇವರು ಬಂದು ಸಿನಿಮಾ ಅಂತ ಹೇಳೋವರೆಗೂ ಪೇಯ್, ದೆವ್ವ ಅಂತಾನೇ ಅಂದ್ಕೊಂಡಿದ್ದೆ.”

ಕ್ಯಾಮೆರಾದವನೂ ನಾನೂ ಮುಖ ನೋಡಿಕೊಂಡೆವು. ಮೂರು ದಿನ ದಿಗಿಲಿನ ಸದ್ದು ಹುಡುಕಿ ಒದ್ದಾಡಿದ್ದೆವು. ಅದನ್ನು ಮಾಡುತ್ತಿದ್ದವರು ನಾವೇ.

ಉಳಿದದ್ದು ಒಂದು ದಿನ. ಅವರ ಒಪ್ಪಿಗೆ ಕೇಳಿದೆ. ನಮ್ಮ ಕೋಣೆಯನ್ನು ಬಿಟ್ಟು ಕ್ಯಾಮೆರಾ, ಮೈಕು ಎಲ್ಲವನ್ನೂ ಈ ಕಡೆಗೆ ತರುತ್ತೇವೆ, ನೀವು ಕೇಳಿದ್ದನ್ನು ನೀವು ಕೇಳಿದ ಹಾಗೆ ತೆಗೆಯುತ್ತೇವೆ, ಏನು ತೋರಿಸಬಹುದು ಏನು ಬೇಡ ಎಂದು ನೀವೇ ಹೇಳಿ ಎಂದೆ. “ಮುಖ ಬೇಡ ಮಾ. ಕೈ ತಗೊಳ್ಳಿ. ಕೈ ಇನ್ನೂ ಚೆನ್ನಾಗಿದೆ” ಅಂದರು. ಗಂಡ ಹೆಂಡತಿಯನ್ನು ನೋಡಿ, ಆಗಲಿ ಎಂದರು. ಮರುದಿನ ತಾನೂ ರಜೆ ಹಾಕುತ್ತೇನೆಂದರು.

ನಾಲ್ಕನೆಯ ದಿನದ ಕೆಲಸ ಹೀಗಿತ್ತು. ಗೋಡೆಯ ಮೈಕನ್ನು ಅವರ ಕಡೆ, ಅವರ ಕಿವಿಯ ಎತ್ತರಕ್ಕೆ ಅಂಟಿಸಿದೆ. ಇನ್ನೊಂದು ಮೈಕು ದಿಂಬಿನ ಪಕ್ಕ. ಕ್ಯಾಮೆರಾ ಮಂಚದ ಮೇಲಿನ ಕೈಯನ್ನೂ ಗೋಡೆಯ ಒಂದು ತುಂಡನ್ನೂ ಮಾತ್ರ ನೋಡುತ್ತಿತ್ತು. ಆಚೆ ಚಿಕ್ಕಮ್ಮ ನಡೆಯಬೇಕು, ಪಾತ್ರೆ ಇಡಬೇಕು, ಸಹಪಾಠಿ ಕೂಗಬೇಕು, ನಾನು ಗೂಟಕ್ಕೆ ಹೊಡೆಯಬೇಕು. ಹೆಡ್‌ಫೋನ್ ಅವರ ಕಿವಿಯಲ್ಲಿತ್ತು. ನಿರ್ದೇಶಕಿ ಅವರೇ ಆದರು. ಅವರ ಮಾತನ್ನು ಗಂಡ ಬಾಗಿಲಿಗೆ ಬಂದು ನಮಗೆ ಮುಟ್ಟಿಸುತ್ತಿದ್ದರು.

“ಅಷ್ಟು ಮೆಲ್ಲಗಲ್ಲವಂತೆ. ಅವತ್ತು ಇನ್ನೂ ಜೋರಾಗಿ ಹೊಡೆದಿದ್ರಂತೆ.”

ಜೋರಾಗಿ ಹೊಡೆದೆ.

“ಇನ್ನೂ ಜೋರು.”

ಏಳನೆಯ ಸಲ ಅವರು ಒಪ್ಪಿದರು. ಚಿಕ್ಕಮ್ಮನಿಗೆ, “ಅವಳು ಅವತ್ತು ನಡೆದದ್ದು ಇಷ್ಟವಿಲ್ಲದ ನಡಿಗೆ, ಇವತ್ತು ಮದುವೆಗೆ ಹೊರಟ ಹಾಗೆ ನಡೀತಾಳೆ” ಎಂದು ಹೇಳಿ ಕಳಿಸಿದರು. ಚಿಕ್ಕಮ್ಮ ಗೋಡೆಯ ಮೂಲಕವೇ ತೆಲುಗಿನಲ್ಲಿ ಬೈದಳು, ಅವರು ತಮಿಳಿನಲ್ಲಿ ಉತ್ತರ ಕೊಟ್ಟರು. ಆ ಮುದ್ರಣ ಚಿತ್ರದಲ್ಲಿಲ್ಲ, ಆದರೆ ನಾನು ಹೆಚ್ಚು ಸಲ ಕೇಳಿರುವುದು ಅದನ್ನೇ. ಮೊದಲ ದಿನ ನಾನು ಹಿಡಿದಿದ್ದ ಅವರ ಏಳು ಕರೆಗಳನ್ನು ಕೇಳಿಸಿದೆ. ಅವು ಚಿತ್ರದಲ್ಲಿ ಇರಬಹುದೇ ಎಂದು ಕೇಳಿದೆ. ಇನ್ನೊಮ್ಮೆ ಕೇಳಿಸಿಕೊಂಡು, “ಐದು ಸಾಕು. ಕೊನೇ ಎರಡರಲ್ಲಿ ನನ್ನ ಕೈ ಸೋತಿದೆ, ಅದು ನನ್ನ ಹತ್ರವೇ ಇರಲಿ” ಅಂದರು. ಐದೇ ಇವೆ.

ಎರಡೂವರೆಗೆ ಕೆಲಸ ಮುಗಿಯಿತು. ವೈರುಗಳನ್ನು ಸುತ್ತುವಾಗ ನನ್ನ ಮನಸ್ಸಿನಲ್ಲಿದ್ದದ್ದು ಬೇರೆ: ನಾಳೆ ಇಲ್ಲಿಗೆ ಬೀಗ ಬೀಳುತ್ತದೆ. ಇನ್ನೊಂದು ಪಕ್ಕದ ಮನೆಯ ಗಂಡ ಹೆಂಡತಿ ಬೆಳಗಿನ ರೈಲಿಗೆ ಹೋದರೆ ಕತ್ತಲಾದ ಮೇಲೇ ಬರುವುದು. ಆಕೆ ಮೂರು ಕೊಟ್ಟರೆ ಕೇಳುವವರು ಯಾರು? ಚಿತ್ರ ಚೆನ್ನಾಗಿ ಬಂದರೂ ಆ ಮಂಚದ ಪಕ್ಕದ ಗೋಡೆಗೆ ಅದರಿಂದ ಏನೂ ಆಗುವುದಿಲ್ಲ.

ಇದನ್ನು ನಾನು ಯೋಚಿಸುತ್ತಿದ್ದೆ, ಚಿಕ್ಕಮ್ಮ ಅಷ್ಟರಲ್ಲಿ ಕೆಲಸಕ್ಕೆ ಇಳಿದಿದ್ದಳು. ಎದುರು ಸಾಲಿನಲ್ಲಿ ಒಬ್ಬ ಹೆಂಗಸು ಬಾಗಿಲ ಬಳಿಯೇ ಮಿಷನ್ ಇಟ್ಟುಕೊಂಡು ರವಿಕೆ ಹೊಲಿಯುತ್ತಿದ್ದಳು. ಒಳಗೆ ಜಾಗವಿಲ್ಲ, ಬಿಸಿಲಿಗೆ ದಿನಕ್ಕೆ ಮೂರು ಸಲ ಮಿಷನ್ ಎಳೆಯಬೇಕು. ನಾಲ್ಕು ದಿನದಲ್ಲಿ ಚಿಕ್ಕಮ್ಮ ಅವಳ ಜೊತೆ ಅವರೆಕಾಳು ಹಂಚಿಕೊಂಡಿದ್ದಳು.

“ನಿಂಗೆ ಕೀ ಕೊಟ್ಟ ಮನೆಯೋನಿಗೆ ಫೋನ್ ಮಾಡು” ಎಂದು ನನಗೆ ಆಜ್ಞೆಯಾಯಿತು. “ಸುಮ್ಕೆ ಬೀಗ ಆಕಿಟ್ರೆ ಇಲಿ ಸೇರ್ಕತವೆ ಅಂತ ಯೋಳು. ಈ ಯಮ್ಮ ಗುಡಿಸ್ಕಂಡು, ಅಗಲೊತ್ತು ಮಿಷನ್ ಆಕ್ಕಂಡು ಕೂತಿರ್ತಾಳೆ.”

ಮಾಡಿದೆ. ಬಾಡಿಗೆಯವರು ಸಿಗುವವರೆಗೆ ಇರಲಿ ಎಂದರು. ಎಷ್ಟು ದಿನವೆಂದು ಹೇಳಲಿಲ್ಲ, ನಾನೂ ಒತ್ತಾಯಿಸಲಿಲ್ಲ. ಮಿಷನ್ನನ್ನು ಗಂಡ, ಸಹಪಾಠಿ, ನಾನು ಮೂವರೂ ಎತ್ತಿ ತಂದೆವು. ಗೋಡೆಯ ಲೆಕ್ಕವನ್ನು ಗಂಡ ಅವಳಿಗೆ ಎರಡೆರಡು ಸಲ ಹೇಳಿಕೊಟ್ಟರು. ಚಿಕ್ಕಮ್ಮನ ಮೂರೂವರೆ ಬಸ್ಸು ಅಷ್ಟರಲ್ಲಿ ಹೋಗಿತ್ತು. ಅವಳು ಊರಿಗೆ ಫೋನ್ ಮಾಡಿ, “ಇವತ್ತೊಂದಿನ ನೀನೇ ಕೈ ಆಕು ಲೇ, ಒದ್ರೆ ಒದೀಲಿ” ಎಂದು ಮೈದುನನಿಗೆ ಹೇಳಿದ್ದನ್ನು ಕೇಳಿಸಿಕೊಂಡೆ.

ಹದಿನೈದು ದಿನ ಬಿಟ್ಟು, ಕೂಡಿಸಿದ ಚಿತ್ರವನ್ನು ಲ್ಯಾಪ್‌ಟಾಪಿನಲ್ಲಿ ತೋರಿಸಲು ಒಬ್ಬಳೇ ಹೋದೆ. ಆಕೆ ಪೂರ್ತಿ ನೋಡಿದರು. ಪರವಾಗಿಲ್ಲ, ಆದರೆ ಜನ ಇದಕ್ಕೆ ಬರುವುದಿಲ್ಲ ಅಂದರು. ಆಮೇಲೆ ಗೋಡೆಯಾಚೆಯ ಮಿಷನ್ನಿನ ಮೇಲೆ ದೂರು ಶುರುವಾಯಿತು. ಬೆಳಗ್ಗೆಯಿಂದ ಕಟಕಟ ಕಟಕಟ, ಮಧ್ಯಾಹ್ನದ ನಿದ್ದೆಯೇ ಹೋಯಿತು, ಜೊತೆಗೆ ಅವಳ ಹಾಡು ಬೇರೆ. ಹೇಳುತ್ತಿರುವಾಗಲೇ ಹೊಲಿಗೆಯವಳು ಕುತ್ತಿಗೆಗೆ ಅಳತೆ ಟೇಪು ಹಾಕಿಕೊಂಡು ಬಂದಳು. ಕೈ ಎತ್ತದೆಯೇ ತೊಡಿಸಬಹುದಾದ, ಮುಂದೆ ಕಟ್ಟುವ ರವಿಕೆ ಹೊಲಿಯುತ್ತಾಳಂತೆ. ಮಗ್ಗುಲಿಗೆ ಹೊರಳಿಸಬೇಕಿತ್ತು. ಭುಜದ ಕೆಳಗೆ ಕೈ ಕೊಟ್ಟು ನಾನು ಹಿಡಿದೆ. ಅಷ್ಟು ಹಗುರವಾಗಿರುತ್ತಾರೆಂದು ನನಗೆ ಗೊತ್ತಿರಲಿಲ್ಲ. ಟೇಪು ಬೆನ್ನಿನ ಹಿಂದಿನಿಂದ ಬಂದು ಎದೆಯ ಮೇಲೆ ಕೂಡಿತು. ಅವಳು ಅಳತೆ ಹೇಳಿದಳು, ಪಕ್ಕದಲ್ಲಿದ್ದ ನನ್ನ ದಿನಚರಿಯ ಹಾಳೆಯ ಮೇಲೆ ಒಂದೇ ಕೈಯಿಂದ ಬರೆದುಕೊಂಡೆ.

ನನ್ನ ತೋಳಿನ ಮೇಲೆ ತಲೆಯಿಟ್ಟುಕೊಂಡೇ ಅವರು ಆ ಅಂಕಿಯನ್ನು ನೋಡಿದರು.

“ಒಳಗೆ ಎರಡು ಇಂಚು ಬಟ್ಟೆ ಬಿಡು ಮಾ,” ಅಂದರು ಅವಳಿಗೆ. “ನಾನು ದಪ್ಪ ಆಗ್ತೀನಿ.”